ಎಷ್ಟು ಸಲ ಬಂತು ಎಂದಷ್ಟೇ ಕೇಳಬೇಡಿ
ಘೋಡಗೇರಿ ಹಾಗೂ ಸುತ್ತಲಿನ ಹುಕ್ಕೇರಿ, ಗೋಕಾಕ, ಮೂಡಲಗಿ ತಾಲೂಕುಗಳ ಆಶಾ ಕಾರ್ಯಕರ್ತೆಯರಿಗೆ ಬಹಿರಂಗ ಪತ್ರ

ಆಶಾ ಅಕ್ಕಂದಿರೇ,

ಬಸುರಿ, ಬಾಣಂತಿ, ಕೂಸಿನ ಲಸಿಕೆ, ಟಿಬಿ ಗುಳಿಗೆ, ಬಿಪಿ, ಶುಗರ್ ಎಂದು ಬೆಳಗಾದರೆ ಓಣಿ ಓಣಿ ತಿರುಗುವವರು ನೀವು. ಗೌರವಧನ ಹೆಚ್ಚಿಸಿ ಎಂದು ಬೆಂಗಳೂರಿನವರೆಗೆ ಹೋಗಿ ಧರಣಿ ಕೂತವರು. ನಿಮ್ಮ ಹೆಗಲ ಮೇಲೆ ಇನ್ನೊಂದು ಕೆಲಸ ಹೇರಲು ನನಗೆ ಮನಸ್ಸಿಲ್ಲ. ಆದರೂ ಈ ಪತ್ರವನ್ನು ಡಾಕ್ಟರರಿಗಾಗಲಿ ಶಾಸಕರಿಗಾಗಲಿ ಬರೆಯದೆ ನಿಮಗೇ ಬರೆಯುತ್ತಿದ್ದೇನೆ. ಫಿಟ್ಸ್ ಇರುವವರ ಮನೆಯಲ್ಲಿ ಪಡಸಾಲೆ ದಾಟಿ ಅಡುಗೆಮನೆಯವರೆಗೆ ಹೋಗಬಲ್ಲವರು ಆರೋಗ್ಯ ಇಲಾಖೆಯಲ್ಲಿ ಯಾರಾದರೂ ಇದ್ದರೆ ಅದು ನೀವೇ.

ನನ್ನ ಕೇಳಿಕೆ ದೊಡ್ಡದಲ್ಲ. ಫಿಟ್ಸ್ ಇರುವವರ ಮನೆಗೆ ಹೋದಾಗ ಎಷ್ಟು ಸಲ ಬಂತು ಎಂದು ಕೇಳಿ ಎದ್ದುಬರಬೇಡಿ. ಬಂದದ್ದು ಹೇಗಿತ್ತು ಎಂದು ಕೇಳಿ. ಬಾರದ ದಿನಗಳು ಹೇಗೆ ಕಳೆದವು ಎಂದೂ ಕೇಳಿ. ಎರಡನ್ನೂ ಬರೆದಿಟ್ಟುಕೊಳ್ಳಿ. ಇದನ್ನು ಅಳೆಯಲು ಜಗತ್ತಿನಲ್ಲಿ ನಲವತ್ತು ವರ್ಷಗಳಿಂದ ಅಳತೆಪಟ್ಟಿಗಳು ತಯಾರಾಗಿವೆ. ಅವು ದೊಡ್ಡ ಆಸ್ಪತ್ರೆಗಳ ಸಂಶೋಧನೆಯಲ್ಲೇ ಉಳಿದಿವೆ. ಅವುಗಳ ಸಾರ ನಿಮ್ಮ ಡೈರಿಗೆ ಬರಬೇಕು.

ಮೊದಲು ನಿಮ್ಮ ಪಾಲಿನ ಲೆಕ್ಕ ನೋಡೋಣ. ಸುಮಾರು ಸಾವಿರ ಜನಕ್ಕೆ ಒಬ್ಬರು ಆಶಾ. ಆ ಸಾವಿರದಲ್ಲಿ ಅಪಸ್ಮಾರ, ಅಂದರೆ ನಾವು ಫಿಟ್ಸ್ ಅಥವಾ ಮೂರ್ಛೆರೋಗ ಅನ್ನುವುದು, ಎಷ್ಟು ಜನಕ್ಕೆ ಇರಬಹುದು? ಡಾ. ಕೆ.ಎಸ್. ಮಣಿ ಮತ್ತು ಸಂಗಡಿಗರು ನಮ್ಮ ರಾಜ್ಯದ ದಕ್ಷಿಣ ತುದಿಯ ಯಳಂದೂರಿನಲ್ಲಿ 64,963 ಜನರ ನಡುವೆ ಹುಡುಕಿದಾಗ 254 ಮಂದಿ ಸಿಕ್ಕರು. ಸಾವಿರಕ್ಕೆ ಹತ್ತಿರ ಹತ್ತಿರ ನಾಲ್ಕು. ಆ ವರದಿ ಬಂದದ್ದು 1998ರಲ್ಲಿ. ನಿಮ್ಹಾನ್ಸ್‌ನ ಡಾ. ಎಂ. ಗೌರಿದೇವಿ, ಡಾ. ಜಿ. ಗುರುರಾಜ್, ಡಾ. ಪಿ. ಸತೀಶ್ಚಂದ್ರ ಮುಂತಾದವರು ಬೆಂಗಳೂರು ನಗರದಲ್ಲೂ ಹಳ್ಳಿಗಳಲ್ಲೂ 1,02,557 ಜನರ ಸಮೀಕ್ಷೆ ಮಾಡಿ 2004ರಲ್ಲಿ ಪ್ರಕಟಿಸಿದ ಲೆಕ್ಕದಲ್ಲಿ ಸಾವಿರಕ್ಕೆ 8.8 ಇತ್ತು. ಅದನ್ನು ಬಿಡಿಸಿ ನೋಡಿದರೆ ಪಟ್ಟಣದಲ್ಲಿ 5.7, ಹಳ್ಳಿಯಲ್ಲಿ 11.9. ಹಳ್ಳಿಯಲ್ಲಿ ಎರಡು ಪಟ್ಟು! ಹಾಗಾದರೆ ನಿಮ್ಮಲ್ಲಿ ಪ್ರತಿಯೊಬ್ಬರ ಪಾಲಿಗೂ ನಾಲ್ಕರಿಂದ ಹನ್ನೆರಡು ಮಂದಿ ಬರಬೇಕು. ನಿಮ್ಮ ಓಣಿಗಳನ್ನು ಒಂದು ಸಲ ನೆನೆಸಿಕೊಂಡು ಹೆಸರು ಎಣಿಸಿ ನೋಡಿ. ಎರಡೋ ಮೂರೋ ಹೆಸರಿಗೆ ನಿಂತರೆ ಉಳಿದವರು ಎಲ್ಲಿದ್ದಾರೆ ಎಂಬ ಪ್ರಶ್ನೆ ಏಳಬೇಕು. ಅವರು ಊರಲ್ಲೇ ಇದ್ದಾರೆ. ಮುಚ್ಚಿಟ್ಟಿದ್ದಾರೆ, ಅಷ್ಟೆ.

ನಿಮ್ಮ ಕೈಯಲ್ಲಿರುವ, ರೋಗ ತಪಾಸಣೆಯ ಸಿಬ್ಯಾಕ್ ಫಾರಂನಲ್ಲಿ ಫಿಟ್ಸ್ ಬಂದದ್ದುಂಟೆ ಎಂಬ ಒಂದು ಸಾಲಿದೆ. ಹೌದು ಅಥವಾ ಇಲ್ಲ. ಆ ಫಾರಂ 30 ವರ್ಷ ದಾಟಿದವರಿಗೆ. ಮಕ್ಕಳಿಗೆ ರಾಷ್ಟ್ರೀಯ ಬಾಲ ಸ್ವಾಸ್ಥ್ಯ ಕಾರ್ಯಕ್ರಮವಿದೆ. ಅದರ ರೋಗಗಳ ಪಟ್ಟಿಯಲ್ಲಿಯೂ ಫಿಟ್ಸ್ ಇದೆ, ಅದು 18 ವರ್ಷದವರೆಗೆ. ನಡುವೆ ಉಳಿದದ್ದು 18ರಿಂದ 30. ಹೆಣ್ಣು ನೋಡುವುದು, ಲಗ್ನ, ಮೊದಲ ಹೆರಿಗೆ, ಮೊದಲ ನೌಕರಿ, ಬೈಕ್ ಕಲಿಯುವುದು, ಎಲ್ಲವೂ ಆ ಹನ್ನೆರಡು ವರ್ಷಗಳಲ್ಲೇ. ಫಿಟ್ಸ್ ಇರುವವರ ಬಾಳು ಹದಗೆಡುವುದೂ ಆಗಲೇ. ಆ ವಯಸ್ಸಿನವರನ್ನು ಫಿಟ್ಸ್ ಬಗ್ಗೆ ಕೇಳುವ ಒಂದು ಸಾಲೂ ಈ ಎರಡು ಕಡೆ ಇಲ್ಲ. ಇದನ್ನು ಯಾರೂ ಬೇಕೆಂದೇ ಮಾಡಿಲ್ಲ, ಒಂದು ಕಾರ್ಯಕ್ರಮದ ಅಂಚು ಇನ್ನೊಂದರ ಅಂಚಿಗೆ ಕೂಡಲಿಲ್ಲ. ಆ ಕಂದಕದಲ್ಲಿ ಬಿದ್ದವಳೊಬ್ಬಳು ನನ್ನ ಮನೆಯಲ್ಲೇ ಇದ್ದಾಳೆ.

ನನ್ನ ತಂಗಿ. ಹೆಸರು ಬೇಡ. ಗುಳಿಗೆ ಶುರುವಾಗುವ ಮುಂಚೆ ಅವಳಿಗೆ ತಿಂಗಳಿಗೆ ನಾಲ್ಕು ಸಲ ಬರುತ್ತಿತ್ತು. ಗುಳಿಗೆ ತಗೊಂಡ ಮೇಲೆ ಒಂದಕ್ಕೆ ಇಳಿಯಿತು. ಪ್ರತಿ ಸಲ ಆಸ್ಪತ್ರೆಯಲ್ಲಿ ಕೇಳುತ್ತಿದ್ದದ್ದು ಒಂದೇ ಪ್ರಶ್ನೆ: ತಿಂಗಳಲ್ಲಿ ಎಷ್ಟು ಸಲ ಬಂತು? ಅವ್ವ ಹೇಳುವಳು: ‘ಒಂದ ಸಲರಿ ಸಾಹೇಬ್ರ, ಮೊದಲಿಗಿಂತ ಆರಾಮ ಅದಾಳ್ರಿ.’ ಚೀಟಿಯ ಮೇಲೆ ಸುಧಾರಣೆ ಎಂದು ಬೀಳುವುದು, ಅದೇ ಗುಳಿಗೆ ಮತ್ತೆ ಬರೆಯುವರು. ಆ ಒಂದು ಸಲ ಅವಳು ರೊಟ್ಟಿ ಬಡಿಯುತ್ತ ಒಲೆಯ ಮುಂದೆ ಕೂತಿದ್ದಳು. ಯಾವ ಮುನ್ಸೂಚನೆಯೂ ಇಲ್ಲದೆ ಮುಂದಕ್ಕೆ ಬಿದ್ದಳು. ಹಂಚು ಮಗುಚಿತು. ಎಡಗೈ ಮೊಣಕೈವರೆಗೆ ಕೆಂಡದ ಮೇಲಿತ್ತು. ಅವ್ವ ಹಿತ್ತಲಿಂದ ಓಡಿ ಬರುವಷ್ಟರಲ್ಲಿ ಚರ್ಮ ಸುಲಿದಿತ್ತು, ನಾಲಿಗೆ ಕಚ್ಚಿ ಬಾಯಿ ತುಂಬ ರಕ್ತ, ಸೀರೆಯಲ್ಲೇ ಉಚ್ಚೆ. ಎರಡು ತಾಸು ಯಾರ ಗುರುತೂ ಹತ್ತಲಿಲ್ಲ. ಆಸ್ಪತ್ರೆಯ ಲೆಕ್ಕದಲ್ಲಿ ನಾಲ್ಕು ಹೋಗಿ ಒಂದಾಗಿದೆ, ಮುಕ್ಕಾಲು ಪಾಲು ಗುಣ. ಸುಟ್ಟ ಕೈ ಆ ಲೆಕ್ಕದೊಳಗೆ ಎಲ್ಲಿಯೂ ಬರಲಿಲ್ಲ.

ಈ ಕೊರತೆ ಮೊದಲು ಕಂಡದ್ದು ಹೊಸ ಗುಳಿಗೆಗಳನ್ನು ಪರೀಕ್ಷಿಸುತ್ತಿದ್ದ ವೈದ್ಯರಿಗೆ. ಸಂಖ್ಯೆ ಅಷ್ಟೇ ಇದ್ದರೂ ಕೆಲವರಲ್ಲಿ ಫಿಟ್ಸ್ ಹಗುರಾಗುತ್ತಿತ್ತು, ಸಂಖ್ಯೆ ಇಳಿದರೂ ಕೆಲವರಲ್ಲಿ ಭಾರವಾಗೇ ಉಳಿಯುತ್ತಿತ್ತು. 1991ರಲ್ಲಿ ಇಂಗ್ಲೆಂಡಿನ ಡಂಕನ್ ಮತ್ತು ಸ್ಯಾಂಡರ್ ಎಂಬ ಇಬ್ಬರು ವೈದ್ಯರು ಚಾಲ್ಫಾಂಟ್ ಅಳತೆಪಟ್ಟಿ ಎಂಬುದನ್ನು ತಂದರು. ಅದೇ ವರ್ಷ ಲಿವರ್‌ಪೂಲ್‌ನಲ್ಲಿ ಬೇಕರ್ ಮತ್ತು ಸಂಗಡಿಗರು ರೋಗಿಯೇ ಉತ್ತರ ತುಂಬುವ ಇನ್ನೊಂದು ಪಟ್ಟಿ ಮಾಡಿದರು. ಚಾಲ್ಫಾಂಟ್ ಪಟ್ಟಿಯನ್ನು 1996ರಲ್ಲಿ ತಿದ್ದಿ ಸಣ್ಣದು ಮಾಡಿ ನ್ಯಾಷನಲ್ ಹಾಸ್ಪಿಟಲ್ ಅಳತೆಪಟ್ಟಿ ಎಂದು ಕರೆದರು. ನಿಮ್ಮ ಕೆಲಸಕ್ಕೆ ಹತ್ತಿರವಾದದ್ದು ಇದೇ ಎಂದು ನನ್ನ ನಂಬಿಕೆ. ಇದರಲ್ಲಿ ಏಳೇ ವಿಷಯ. ರೋಗಿಯ ಜೊತೆಗೆ ಕಣ್ಣಾರೆ ಕಂಡವರನ್ನೂ ಕೂರಿಸಿಕೊಂಡು ಕೇಳಬೇಕು, ಏಕೆಂದರೆ ಬಿದ್ದವರಿಗೆ ಬಿದ್ದದ್ದು ನೆನಪಿರುವುದಿಲ್ಲ.

ಮೈಯೆಲ್ಲ ಸೆಟೆದು ಝಾಡಿಸುವ ದೊಡ್ಡ ಫಿಟ್ಸ್ ಆದರೆ 4 ಅಂಕ. ನೆಲಕ್ಕೆ ಬೀಳುವುದು ಹೆಚ್ಚುಕಡಿಮೆ ಪ್ರತಿ ಸಲವೂ ಇದ್ದರೆ 4, ಮೇಲಿಂದ ಮೇಲೆ ಇದ್ದರೆ 3, ಅಪರೂಪಕ್ಕಿದ್ದರೆ 2. ಸುಟ್ಟಗಾಯ, ಆಳವಾದ ಗಾಯ, ಎಲುಬು ಮುರಿತ ಆದರೆ 4. ನಾಲಿಗೆ ಕಚ್ಚಿದರೆ ಅಥವಾ ತಲೆ ಸಿಡಿಯುವಂತೆ ನೋವಾದರೆ 3. ಸಣ್ಣ ಪೆಟ್ಟಿಗೆ 2. ಉಚ್ಚೆ ಹೋಗುವುದಕ್ಕೂ ಬೀಳುವುದಕ್ಕಿದ್ದ ಲೆಕ್ಕವೇ. ಎಚ್ಚರ ತಪ್ಪುವ ಮುಂಚೆ ಪಕ್ಕಕ್ಕೆ ಸರಿದು ಕೂರುವಷ್ಟು ಸೂಚನೆ ಎಂದೂ ಸಿಗದಿದ್ದರೆ 2, ಕೆಲವೊಮ್ಮೆ ಸಿಕ್ಕರೆ 1. ಮೊದಲಿನಂತಾಗಲು ಎಷ್ಟು ಹೊತ್ತು ಬೇಕು ಎಂಬುದಕ್ಕೆ ಒಂದು ನಿಮಿಷದೊಳಗಾದರೆ ಸೊನ್ನೆ, ಹತ್ತು ನಿಮಿಷದೊಳಗೆ 1, ಒಂದು ತಾಸಿನೊಳಗೆ 2, ಮೂರು ತಾಸಿನೊಳಗೆ 3, ಅದಕ್ಕೂ ಮೀರಿದರೆ 4. ಎಚ್ಚರವಿಲ್ಲದೆ ಎದ್ದು ಓಡಾಡುವುದು, ಚೀರುವುದು, ಬಟ್ಟೆ ಬಿಚ್ಚುವುದು ಇದ್ದರೆ 4. ಬರಿ ಬಾಯಿ ಚಪ್ಪರಿಸುವಂಥದ್ದಾದರೆ 2. ಕೂಡಿಸಿ, ಮೇಲೆ ಒಂದು ಸೇರಿಸಬೇಕು. ಅತಿ ಹಗುರವಾದದ್ದು 1, ಅತಿ ಭಾರವಾದದ್ದು 27. ಒಬ್ಬರಿಗೆ ಎರಡು ಬಗೆಯ ಫಿಟ್ಸ್ ಇದ್ದರೆ ಒಂದೊಂದಕ್ಕೂ ಬೇರೆ ಲೆಕ್ಕ.

ನನ್ನ ತಂಗಿಯ ಆ ದಿನದ ಫಿಟ್ಸ್‌ಗೆ ಲೆಕ್ಕ ಹಾಕಿ ನೋಡಿದೆ. ಝಾಡಿಸಿದ್ದಕ್ಕೆ 4, ಬಿದ್ದದ್ದಕ್ಕೆ 4, ಸುಟ್ಟದ್ದಕ್ಕೆ 4, ಉಚ್ಚೆಗೆ 4, ಸೂಚನೆ ಇಲ್ಲದ್ದಕ್ಕೆ 2, ಎರಡು ತಾಸಿಗೆ 3, ಓಡಾಟ ಇರಲಿಲ್ಲ, ಮೇಲೊಂದು. ಒಟ್ಟು 22. ಈಗ ಇನ್ನೊಬ್ಬನನ್ನು ಊಹಿಸಿಕೊಳ್ಳಿ: ಏಳನೇ ಇಯತ್ತೆಯ ಹುಡುಗ, ಪಾಠ ನಡೆಯುವಾಗ ಕಣ್ಣು ಒಂದೇ ಕಡೆ ನೆಟ್ಟು, ತುಟಿ ಚಪ್ಪರಿಸಿ, ಅರ್ಧ ನಿಮಿಷದಲ್ಲಿ ಮತ್ತೆ ಸರಿಯಾಗುತ್ತಾನೆ. ಬೀಳುವುದಿಲ್ಲ, ಪೆಟ್ಟಿಲ್ಲ, ಉಚ್ಚೆಯಿಲ್ಲ. ಸೂಚನೆ ಸಿಗದ್ದಕ್ಕೆ 2, ಬಾಯಿ ಚಪ್ಪರಿಸಿದ್ದಕ್ಕೆ 2, ಮೇಲೊಂದು. ಒಟ್ಟು 5. ನಿಮ್ಮ ಡೈರಿಯಲ್ಲಿ ಇಬ್ಬರಿಗೂ ತಿಂಗಳಿಗೆ ಒಂದು ಎಂದೇ ಬರೆದಿರುತ್ತದೆ. ಒಬ್ಬರದು 22, ಇನ್ನೊಬ್ಬನದು 5.

ಹಾಗಂತ ಆ ಹುಡುಗ ಸುಖವಾಗಿದ್ದಾನೆ ಎಂದು ಹೇಳಲಾಗದು. ಮಾಸ್ತರರು ಲಕ್ಷ್ಯ ಕೊಡುವುದಿಲ್ಲ ಎಂದು ಬೆಂಚಿನ ಮೇಲೆ ನಿಲ್ಲಿಸಿರಬಹುದು. ಜೊತೆಯ ಹುಡುಗರು ಕಿಚಾಯಿಸಿ ಅವನು ಶಾಲೆಯನ್ನೇ ಬಿಟ್ಟಿರಬಹುದು. ಫಿಟ್ಸ್ ಎಷ್ಟು ಭಾರ ಎಂಬುದು ಒಂದು ಅಳತೆ, ಬಾಳು ಎಷ್ಟು ಭಾರ ಎಂಬುದು ಇನ್ನೊಂದು. ಒಂದನ್ನು ನೋಡಿ ಇನ್ನೊಂದನ್ನು ಅಂದಾಜು ಕಟ್ಟಲು ಬರುವುದಿಲ್ಲ. ನನ್ನ ತಂಗಿ ಒಮ್ಮೆ ಕೈಗೆ ಮುಲಾಮು ಹಚ್ಚಿಸಿಕೊಳ್ಳುತ್ತ ಹೇಳಿದಳು: ‘ಅಣ್ಣಾ, ಫಿಟ್ಸ್ ಬಂದಾಗ ನನಗ ಏನೂ ಗೊತ್ತ ಆಗೂದಿಲ್ಲ. ಬರದ ಇರೂ ದಿನಾನ ನನಗ ಭಾಳ ತ್ರಾಸ.’ ಒಲೆ ಹತ್ತಿರ ಬಿಡುವುದಿಲ್ಲ, ಬಾವಿಗೆ ಕಳಿಸುವುದಿಲ್ಲ, ಕಬ್ಬಿನ ಗದ್ದೆಗೆ ಯಾರೂ ಕರೆಯುವುದಿಲ್ಲ. ತಮ್ಮನಿಗೆ ಹೆಣ್ಣಿನ ಕಡೆಯವರು ಬಂದ ದಿನ ಅವಳನ್ನು ಒಳಕೋಣೆಯಲ್ಲಿ ಕೂಡಿಸಿ ಅಗಳಿ ಹಾಕಿದ್ದರು. ಆ ತಿಂಗಳು ಅವಳಿಗೆ ಒಂದೂ ಫಿಟ್ಸ್ ಬಂದಿರಲಿಲ್ಲ.

ಈ ಎರಡನೆಯ ಭಾರವನ್ನು ಅಳೆಯುವ ಪಟ್ಟಿಗಳೂ ಇವೆ. 1980ರಲ್ಲಿ ಅಮೆರಿಕದ ಡಾಡ್ರಿಲ್ ವಾಷಿಂಗ್ಟನ್ ಪಟ್ಟಿಯೊಂದನ್ನು ಮಾಡಿದರು. ಈಗ ಹೆಚ್ಚು ಬಳಕೆಯಲ್ಲಿರುವುದು ಕ್ವಾಲಿ-31. ಅದರಲ್ಲಿ 31 ಪ್ರಶ್ನೆ, ಏಳು ಭಾಗ: ಮತ್ತೆ ಬಂದೀತೆಂಬ ಭಯ, ಒಟ್ಟಾರೆ ಬಾಳು, ಮನಸ್ಸಿನ ನೆಮ್ಮದಿ, ಮೈಯ ಕಸುವು, ನೆನಪು ಮತ್ತು ಲಕ್ಷ್ಯ, ಗುಳಿಗೆಯ ಪರಿಣಾಮ, ನಾಲ್ಕು ಜನರೊಡನೆ ಬೆರೆತು ಬಾಳುವುದು. ಅಂಕ 0ರಿಂದ 100, ಹೆಚ್ಚಾದಷ್ಟೂ ಒಳ್ಳೆಯದು. ಎಲ್ಲ ಭಾಗಕ್ಕೂ ಸಮನಾದ ತೂಕವಿಲ್ಲ. ನೂರರಲ್ಲಿ ನೆನಪು-ಲಕ್ಷ್ಯಕ್ಕೆ 27, ಬೆರೆತು ಬಾಳುವುದಕ್ಕೆ 21, ನೆಮ್ಮದಿಗೆ 15, ಒಟ್ಟಾರೆ ಬಾಳಿಗೆ 14, ಕಸುವಿಗೆ 12, ಭಯಕ್ಕೆ 8. ಗುಳಿಗೆಯ ಪರಿಣಾಮಕ್ಕೆ ಬರಿ 3.

ಈ ತೂಕ ಕಟ್ಟಿದ್ದು ಅಮೆರಿಕದ ರೋಗಿಗಳ ಉತ್ತರಗಳ ಮೇಲೆ. ಘೋಡಗೇರಿಯಲ್ಲಿ ಇದೇ ತೂಕ ನಿಲ್ಲುತ್ತದೆಯೇ? ನನಗೆ ನಂಬಿಕೆಯಿಲ್ಲ. ಗುಳಿಗೆ ತರಲು ಒಂದು ದಿನದ ಕೂಲಿ ಬಿಟ್ಟು ಬಸ್ಸು ಹತ್ತಬೇಕು. ಗುಳಿಗೆ ನುಂಗಿದರೆ ನಿದ್ದೆ ಎಳೆಯುತ್ತದೆ, ನಿದ್ದೆ ಎಳೆದರೆ ಕಬ್ಬು ಕಡಿಯಲು ಆಗುವುದಿಲ್ಲ. ಇಲ್ಲಿ ಗುಳಿಗೆಯ ಪಾಲು ಮೂರಕ್ಕಿಂತ ಬಹಳ ಹೆಚ್ಚಿರಬೇಕು. ಆ ಪಟ್ಟಿಯಲ್ಲಿ ಗಾಡಿ ಓಡಿಸುವ ಬಗ್ಗೆ ಪ್ರಶ್ನೆಯಿದೆ. ನಮ್ಮ ಗಂಡುಹುಡುಗರಿಗೆ ಅದು ಬೇಕಾದ ಪ್ರಶ್ನೆಯೇ. ಲೈಸೆನ್ಸ್ ಅರ್ಜಿಯ ಜೊತೆ ಕೊಡುವ ಆರೋಗ್ಯದ ಹೇಳಿಕೆಯಲ್ಲೂ ಅಪಸ್ಮಾರವಿದೆಯೇ ಎಂದು ಕೇಳುತ್ತಾರೆ. ಆದರೆ ನಮ್ಮ ಹೆಣ್ಣುಮಕ್ಕಳ ಬಾಳನ್ನು ಅಳೆಯಬೇಕಾದರೆ ಕೇಳಬೇಕಾದದ್ದು ಬೇರೆ. ಒಬ್ಬಳೇ ಒಲೆ ಮುಂದೆ ಕೂರಲು ಬಿಡುತ್ತಾರೆಯೇ, ಕಾಲುವೆಗೆ ಬಟ್ಟೆ ಒಗೆಯಲು ಹೋಗುತ್ತೀಯಾ, ಬೆಲ್ಲದ ಗಾಣದಲ್ಲಿ ಕೊಪ್ಪರಿಗೆ ಹತ್ತಿರ ಕೆಲಸ ಕೊಡುತ್ತಾರೆಯೇ, ಕೂಸನ್ನು ಎತ್ತಿಕೊಳ್ಳಲು ಬಿಡುತ್ತಾರೆಯೇ, ಜಾತ್ರೆಗೆ ಕರೆದೊಯ್ಯುತ್ತಾರೆಯೇ.

ಇನ್ನೊಂದು ಪ್ರಶ್ನೆ ಕರ್ನಾಟಕದಲ್ಲಿ ಬಿಡಲೇಬಾರದು. ತಲೆಗೆ ಬಿಸಿನೀರು ಎರೆದುಕೊಂಡಾಗ ಬರುವ ಫಿಟ್ಸ್ ಬಗ್ಗೆ ಡಾ. ಮಣಿ ಅವರು ಬೆಂಗಳೂರಿನಿಂದ 1968ರಲ್ಲೇ ಬರೆದಿದ್ದರು. 1988ರಲ್ಲಿ ಡಾ. ಸತೀಶ್ಚಂದ್ರ ಮತ್ತು ಸಂಗಡಿಗರು ಇಂಥ 279 ಮಂದಿಯ ವಿವರ ಪ್ರಕಟಿಸಿದರು. ಹಬ್ಬದ ದಿನ ಸುಡುನೀರನ್ನು ತಂಬಿಗೆಯಿಂದ ಬಿಡದೆ ನೆತ್ತಿಗೆ ಸುರಿಯುವಾಗ ಕೆಲವರಿಗೆ ಬರುತ್ತದೆ. ಬಚ್ಚಲಲ್ಲಿ ಬಾಗಿಲು ಹಾಕಿಕೊಂಡು ಬಿದ್ದರೆ ಗೊತ್ತಾಗುವುದು ತಡ. ನೀರಿನ ಬಿಸಿ ಕಡಿಮೆ ಮಾಡಿದರೆ ಎಷ್ಟೋ ಮಂದಿಗೆ ಇದು ತಪ್ಪುತ್ತದೆ. ಉಳಿದದ್ದನ್ನು ಡಾಕ್ಟರರು ಹೇಳುತ್ತಾರೆ. ಎರಕೊಳ್ಳುವಾಗ ಬಂದಿತ್ತಾ ಎಂದು ಯಾರಾದರೂ ಕೇಳಿದರಲ್ಲವೇ ಅದು ಗೊತ್ತಾಗುವುದು!

ಕೇಳುವ ರೀತಿಯ ಬಗ್ಗೆ ಸ್ವಲ್ಪ ಹೇಳಬೇಕು. ನಿಮಗೆ ಕಲಿಸಲು ಹೊರಟಿಲ್ಲ. ಮನೆಯೊಳಗೆ ಕೂತು ಈ ಪ್ರಶ್ನೆಗಳಿಗೆ ಉತ್ತರ ಕೊಟ್ಟವನಾಗಿ ಕಂಡದ್ದನ್ನು ಬರೆಯುತ್ತಿದ್ದೇನೆ. ಪಡಸಾಲೆಯಲ್ಲಿ ನಿಂತು ಸೊಸೆಗೆ ಫಿಟ್ಸ್ ಬರುತ್ತದೆಯೇ ಎಂದು ಕೇಳಿದರೆ ಉತ್ತರ ಕೊಡುವವಳು ಅತ್ತೆ. ಆಚೆ ಮನೆಯವರ ಕಿವಿ ಗೋಡೆಗೆ ಅಂಟಿರುತ್ತದೆ. ಇಲ್ಲ ಎಂಬ ಉತ್ತರ ಸಿದ್ಧವಾಗಿಯೇ ಇರುತ್ತದೆ. ಒಳಗೆ ಹೋಗಿ, ಅವಳೊಬ್ಬಳನ್ನೇ ಕೂರಿಸಿಕೊಂಡು ಕೇಳಿ. ಬಂದದ್ದು ಹೇಗಿತ್ತು ಎಂಬುದನ್ನು ಕಂಡವರಿಂದ ತಿಳಿಯಿರಿ, ಬಾಳು ಹೇಗಿದೆ ಎಂಬುದನ್ನು ಅವಳ ಬಾಯಿಂದಲೇ ಕೇಳಿ. ಈ ಎರಡನ್ನು ಕಲಬೆರಕೆ ಮಾಡಿದರೆ ಎರಡೂ ಕೆಟ್ಟವು.

ಲಿವರ್‌ಪೂಲ್ ಪಟ್ಟಿ ಕಳೆದ ನಾಲ್ಕು ವಾರದ್ದನ್ನು ಕೇಳುತ್ತದೆ. ನಾಲ್ಕು ವಾರ ಎಂದರೆ ನಮ್ಮ ಹಿರಿಯರಿಗೆ ಅಂದಾಜು ಸಿಗುವುದಿಲ್ಲ. ಹೋದ ಅಮಾಸಿಯಿಂದ ಈ ಅಮಾಸಿತನಕ ಎಂದರೆ ದಿನವಾರ ಸಮೇತ ಹೇಳುತ್ತಾರೆ. ಬಾಳಿಗೆ ನೂರಕ್ಕೆ ಎಷ್ಟು ಅಂಕ ಕೊಡುತ್ತೀರಿ ಎಂದು ಶಾಲೆ ಕಲಿತವರನ್ನು ಕೇಳಬಹುದು. ಕಲಿಯದ ಹಿರಿಯರನ್ನು ಹದಿನಾರಾಣೆಯಲ್ಲಿ ಎಷ್ಟಾಣೆ ನೆಮ್ಮದಿ ಇದೆ ಎಂದು ಕೇಳಿ. ನಾನು ಕೇಳಿ ನೋಡಿದ್ದೇನೆ, ತಡವರಿಸದೆ ಹೇಳುತ್ತಾರೆ. ಮುಂದಿನ ಸಲವೂ ಅದೇ ಮಾತಿನಲ್ಲೇ ಕೇಳಬೇಕು, ಆಗಲೇ ಏರಿತೋ ಇಳಿಯಿತೋ ತಿಳಿಯುವುದು.

ಒಂದು ಎಚ್ಚರಿಕೆ. ನಾನು ಹೇಳಿದ ಒಲೆ, ಕಾಲುವೆ, ಆಣೆಯ ಪ್ರಶ್ನೆಗಳನ್ನು ಸೇರಿಸಿದರೆ ಅದನ್ನು ಕ್ವಾಲಿ-31 ಎಂದು ಕರೆಯುವಂತಿಲ್ಲ, ಬೇರೆ ಕಡೆಯ ಅಂಕದೊಡನೆ ಹೋಲಿಸುವಂತೆಯೂ ಇಲ್ಲ. ಅಳತೆಪಟ್ಟಿ ಎನಿಸಿಕೊಳ್ಳಬೇಕಾದರೆ ಅದಕ್ಕೂ ಪರೀಕ್ಷೆಯುಂಟು. ಸ್ಥಿತಿ ಬದಲಾಗದ ಒಬ್ಬರನ್ನೇ ಎರಡು ವಾರ ಬಿಟ್ಟು ಕೇಳಿದರೆ ಹೆಚ್ಚುಕಡಿಮೆ ಅದೇ ಅಂಕ ಬರಬೇಕು. ನೀವು ಕೇಳಿದರೂ ನರ್ಸ್ ಕೇಳಿದರೂ ಅಂಕ ಹೊಂದಬೇಕು. ನಿಜಕ್ಕೂ ಸುಧಾರಿಸಿದವರಲ್ಲಿ ಅಂಕವೂ ಏರಬೇಕು. ಕೇರಳದಲ್ಲಿ ಡಾ. ಸಂಜೀವ್ ಥಾಮಸ್ ಮತ್ತು ಸಂಗಡಿಗರು ಮಲಯಾಳದಲ್ಲಿ ಇಂಥ ಕೆಲಸ ಮಾಡಿದ್ದಾರೆ. ಬೆಳಗಾವಿಯಲ್ಲಿ ಬಿಮ್ಸ್ ಇದೆ, ಜವಾಹರಲಾಲ್ ನೆಹರು ವೈದ್ಯಕೀಯ ಕಾಲೇಜು ಇದೆ. ನಮ್ಮ ಭಾಗದ ಮಾತಿನಲ್ಲಿ, ನಮ್ಮ ಭಾಗದ ಬದುಕಿಗೆ ಒಪ್ಪುವ ಪಟ್ಟಿಯೊಂದನ್ನು ಪರೀಕ್ಷಿಸಿ ಕೊಡುವುದು ಅವರ ಕೈಯಲ್ಲಿದೆ. ಅಲ್ಲಿಯತನಕ ನಿಮ್ಮ ಡೈರಿಯ ಉತ್ತರಗಳು ಡಾಕ್ಟರರಿಗೆ ಹಾದಿ ತೋರಿದರೆ ಸಾಕು.

ಹಾದಿ ತೋರುವುದು ಹೇಗೆ? ಎರಡು ಗುಳಿಗೆ ಸರಿಯಾದ ಪ್ರಮಾಣದಲ್ಲಿ ತಗೊಂಡರೂ ಫಿಟ್ಸ್ ನಿಲ್ಲದಿದ್ದರೆ ಅದನ್ನು ಔಷಧಕ್ಕೆ ಜಗ್ಗದ ಅಪಸ್ಮಾರ ಎಂದು 2010ರಿಂದ ಅಂತಾರಾಷ್ಟ್ರೀಯ ಅಪಸ್ಮಾರ ಸಂಘವೇ ಹೇಳುತ್ತಿದೆ. ಅಂಥವರನ್ನು ದೊಡ್ಡ ಆಸ್ಪತ್ರೆಗೆ ಕಳಿಸಬೇಕು. ತಿಂಗಳಿಗೆ ಒಂದೇ ಎಂಬ ಚೀಟಿ ಹಿಡಿದು ಹೋದವರನ್ನು ಯಾರೂ ಕಳಿಸುವುದಿಲ್ಲ. ತಿಂಗಳಿಗೆ ಒಂದು, ಆದರೆ ಪ್ರತಿ ಸಲ ಸೂಚನೆಯಿಲ್ಲದೆ ಬೀಳುತ್ತಾಳೆ, ಸುಟ್ಟುಕೊಂಡಿದ್ದಾಳೆ, ಎರಡು ತಾಸು ಎಚ್ಚರವಿಲ್ಲ ಎಂದು ಬರೆದ ಚೀಟಿಯಾದರೆ ಕಳಿಸಲೇಬೇಕಾಗುತ್ತದೆ. ನನ್ನ ತಂಗಿಯ ಗುಳಿಗೆ ಬದಲಾದದ್ದು ಹಾಗೆ ಬರೆದುಕೊಂಡು ಹೋದ ಮೇಲೆಯೇ. 2002ರಲ್ಲಿ ಬರ್ಬೆಕ್ ಮತ್ತು ಸಂಗಡಿಗರು ಅಮೆರಿಕದಲ್ಲಿ ನೋಡಿದಾಗ ಬಾಳಿನ ಅಂಕ ಚೆನ್ನಾಗಿ ಏರಿದ್ದು ಫಿಟ್ಸ್ ಪೂರ್ತಿ ನಿಂತವರಲ್ಲಿ. ಮುಕ್ಕಾಲು ಪಾಲು ಕಡಿಮೆಯಾದವರಲ್ಲಿ ಸಹ ಹೇಳಿಕೊಳ್ಳುವ ಏರಿಕೆ ಕಾಣಲಿಲ್ಲ. ಆದ್ದರಿಂದ ಕಡಿಮೆಯಾಯಿತು ಎಂಬ ಮಾತಿಗೆ ಮನೆಯವರಾಗಲಿ ಡಾಕ್ಟರರಾಗಲಿ ತೃಪ್ತಿಪಡಬಾರದು. ಗುಳಿಗೆ ಸರಿಯಾಗಿ ಸಿಕ್ಕರೆ ಹತ್ತರಲ್ಲಿ ಏಳು ಮಂದಿಗೆ ಫಿಟ್ಸ್ ಪೂರ್ತಿ ನಿಲ್ಲಬಲ್ಲದು ಎಂದು ವಿಶ್ವ ಆರೋಗ್ಯ ಸಂಸ್ಥೆ ಹೇಳುತ್ತದೆ. ಯಳಂದೂರಿನ ಹಳ್ಳಿಗಳಲ್ಲಿ ಫಿನೊಬಾರ್ಬಿಟೋನ್, ಫೆನಿಟಾಯಿನ್ ಎಂಬ ಹಳೆಯ, ಅಗ್ಗದ ಗುಳಿಗೆಗಳನ್ನೇ ಕೊಟ್ಟು ಐದು ವರ್ಷ ನೋಡಿಕೊಂಡ ಫಲವನ್ನು ಡಾ. ಮಣಿ ಮತ್ತು ಸಂಗಡಿಗರು 2001ರಲ್ಲಿ ಲ್ಯಾನ್ಸೆಟ್ ಪತ್ರಿಕೆಯಲ್ಲಿ ಬರೆದರು. ಹಳ್ಳಿಯಲ್ಲೇ ಇದು ಸಾಧ್ಯ ಎಂಬುದನ್ನು ನಮ್ಮ ರಾಜ್ಯದ ಹಳ್ಳಿಯೇ ತೋರಿಸಿಕೊಟ್ಟಿದೆ.

ಮನಸ್ಸಿನ ಬಗೆಗಿನ ಪ್ರಶ್ನೆಗಳನ್ನು ದಯವಿಟ್ಟು ಹಾರಿಸಬೇಡಿ. ಅಪಸ್ಮಾರ ಇದ್ದವರ ಖಿನ್ನತೆ ಗುರುತಿಸಲೆಂದೇ 2006ರಲ್ಲಿ ಗಿಲಿಯಮ್ ಮತ್ತು ಸಂಗಡಿಗರು ಆರೇ ಪ್ರಶ್ನೆಗಳ ಪಟ್ಟಿ ಮಾಡಿದ್ದಾರೆ. 24ಕ್ಕೆ 15 ದಾಟಿದರೆ ಡಾಕ್ಟರರಿಗೆ ತೋರಿಸಬೇಕು. ಬಾಳಿನ ಅಂಕವನ್ನು ಕೆಳಕ್ಕೆ ಎಳೆಯುವುದರಲ್ಲಿ ಫಿಟ್ಸ್‌ನ ಸಂಖ್ಯೆಗಿಂತ ಖಿನ್ನತೆಯ ಕೈ ದೊಡ್ಡದು ಎಂದು ಹಲವು ಅಧ್ಯಯನಗಳು ಕಂಡುಕೊಂಡಿವೆ. ಇದ್ದು ಏನು ಮಾಡಲಿ ಎಂಬ ಮಾತು ಯಾರ ಬಾಯಲ್ಲಾದರೂ ಬಂದರೆ ಫಾರಂ ಮುಚ್ಚಿಡಿ, ಅಂದೇ ಪ್ರಾಥಮಿಕ ಆರೋಗ್ಯ ಕೇಂದ್ರಕ್ಕೆ ಕರೆದೊಯ್ಯಿರಿ.

ಬಸುರಿಯರ ಬಗ್ಗೆ ನಿಮಗಿಂತ ಹೆಚ್ಚು ಬಲ್ಲವರಿಲ್ಲ. ಆದರೂ ಹೇಳುತ್ತೇನೆ: ವಾಲ್‌ಪ್ರೊಯೇಟ್ ಗುಳಿಗೆ ಹೊಟ್ಟೆಯ ಕೂಸಿಗೆ ಕೆಡುಕು ಮಾಡಬಲ್ಲದು. ಮದುವೆ ನಿಶ್ಚಯವಾದಾಗಲೇ, ಬಸುರಾಗುವ ಮುಂಚೆಯೇ ಡಾಕ್ಟರರನ್ನು ಕಾಣಬೇಕು. ಹೆದರಿ ತಾವಾಗಿಯೇ ಗುಳಿಗೆ ನಿಲ್ಲಿಸಿದರೆ ತಾಯಿಗೂ ಕೂಸಿಗೂ ಅಪಾಯ. ಮದುವೆಯ ಮಾತು ಬಂತಲ್ಲ, ಇದನ್ನೂ ಮನೆಮನೆಗೆ ತಿಳಿಸಿ: ಹಿಂದೂ ವಿವಾಹ ಕಾಯ್ದೆಯಲ್ಲಿ ಮದುವೆಗೆ ಅಡ್ಡಿಯಾಗಿ ಇದ್ದ ಅಪಸ್ಮಾರವನ್ನು 1999ರ ತಿದ್ದುಪಡಿಯಲ್ಲಿ ತೆಗೆದುಹಾಕಿದ್ದಾರೆ. ಕಾನೂನು ಬಿಟ್ಟಿದೆ, ಓಣಿ ಬಿಟ್ಟಿಲ್ಲ.

ಅದಕ್ಕೇ ಈ ಬರಹ ಗುಟ್ಟಾಗಿರಬೇಕು. ಅಂಕ ಬರೆದ ಹಾಳೆ ಅಂಗನವಾಡಿಯ ಮೇಜಿನ ಮೇಲೆ ಬೀಳಬಾರದು, ವಾಟ್ಸಾಪ್ ಗುಂಪಿಗೆ ಹೋಗಬಾರದು. ಡಾಕ್ಟರರಿಗೆ ತೋರಿಸಲು ಮನೆಯವರು ಮೊಬೈಲಿನಲ್ಲಿ ಫಿಟ್ಸ್‌ನ ವಿಡಿಯೊ ಹಿಡಿದರೆ ರೋಗ ಗುರುತಿಸಲು ಬಹಳ ನೆರವಾಗುತ್ತದೆ. ಅದನ್ನು ತೋರಿಸುವುದು ಡಾಕ್ಟರರಿಗೆ ಮಾತ್ರ. ಒಂದು ಹೆಣ್ಣಿನ ಗುಟ್ಟು ನಿಮ್ಮಿಂದ ಹೊರಬಿತ್ತೆಂದರೆ ಆ ಓಣಿಯಲ್ಲಿ ಮುಂದೆ ಯಾರೂ ನಿಮಗೆ ನಿಜ ಹೇಳುವುದಿಲ್ಲ.

ಮೇಲಿನವರಿಗೂ ಈ ಅಳತೆ ಬೇಕಾಗಿದೆ. 2016ರ ಅಂಗವಿಕಲರ ಹಕ್ಕುಗಳ ಕಾಯ್ದೆಯ 21 ವೈಕಲ್ಯಗಳಲ್ಲಿ ಅಪಸ್ಮಾರದ ಹೆಸರಿಲ್ಲ. ಗುಳಿಗೆಗೆ ಜಗ್ಗದ, ತಿಂಗಳಿಗೆ ಹಲವು ಸಲ ಬಿದ್ದು ದುಡಿಮೆ ಕಳೆದುಕೊಂಡವರಿಗೂ ಆ ಹೆಸರಿನಲ್ಲಿ ಪ್ರಮಾಣಪತ್ರ ಸಿಗುವುದಿಲ್ಲ. ಹಳ್ಳಿಗಳಿಂದ ಅಳತೆಯ ಲೆಕ್ಕ ಹೋಗದಿದ್ದರೆ ಇದನ್ನು ಯಾವ ಆಧಾರದ ಮೇಲೆ ಕೇಳುವುದು? 2022ರಲ್ಲಿ ವಿಶ್ವ ಆರೋಗ್ಯ ಸಂಸ್ಥೆಯ ಸಭೆ 2031ರವರೆಗಿನ ಯೋಜನೆ ಒಪ್ಪಿತು: ಅಪಸ್ಮಾರ ಇದ್ದ ನೂರರಲ್ಲಿ 90 ಮಂದಿಗೆ ಇದು ಚಿಕಿತ್ಸೆ ಇರುವ ಮೆದುಳಿನ ಕಾಯಿಲೆ ಎಂದು ತಿಳಿದಿರಬೇಕು, 80 ಮಂದಿಗೆ ಗುಳಿಗೆ ಸಿಗಬೇಕು, ಚಿಕಿತ್ಸೆ ಪಡೆದ ನೂರರಲ್ಲಿ 70 ಮಂದಿಗೆ ಫಿಟ್ಸ್ ಮೇಲೆ ಹಿಡಿತ ಸಿಗಬೇಕು. ಅದೇ ವರ್ಷ ನಮ್ಮ ರಾಜ್ಯವೂ ನಿಮ್ಹಾನ್ಸ್ ಜೊತೆಗೂಡಿ ಮೆದುಳು ಆರೋಗ್ಯದ ಕಾರ್ಯಕ್ರಮ ಶುರುಮಾಡಿತು. ಅದರಲ್ಲಿ ಅಪಸ್ಮಾರವೂ ಸೇರಿದೆ. ಹಿಡಿತ ಸಿಕ್ಕಿತು ಎಂದು ಹೇಳಬೇಕಾದವರು ಬಿದ್ದು ಎದ್ದವರೇ. ಅವರ ಮಾತು ಕಾಗದದ ಮೇಲೆ ಬರುವುದು ನಿಮ್ಮ ಕೈಯಿಂದ.

ನವೆಂಬರ್ 17 ರಾಷ್ಟ್ರೀಯ ಅಪಸ್ಮಾರ ದಿನ. ಬ್ಯಾನರ್ ಕಟ್ಟಿ ಫೋಟೊ ತೆಗೆಸುವುದಕ್ಕಿಂತ ಮುಂಚೆ ಒಂದು ಕೆಲಸ ಮಾಡಿ. ನಿಮ್ಮ ಪಾಲಿನ ಸಾವಿರ ಜನರಲ್ಲಿ 18ರಿಂದ 30ರೊಳಗಿನವರ ಮನೆಗಳಿಗೆ ಒಂದು ಸುತ್ತು ಹೋಗಿಬನ್ನಿ. ಫಿಟ್ಸ್ ಇದ್ದವರು ಸಿಕ್ಕರೆ ಆ ಏಳು ವಿಷಯ ಕೇಳಿ, ಒಲೆ-ಬಾವಿ-ಕಾಲುವೆಯದ್ದು ಕೇಳಿ, ಎಷ್ಟಾಣೆ ನೆಮ್ಮದಿ ಎಂದು ಕೇಳಿ. ಬರೆದ ಹಾಳೆಯನ್ನು ನಿಮ್ಮ ವೈದ್ಯಾಧಿಕಾರಿಗಳ ಕೈಗೆ ಕೊಟ್ಟು, ಇವರನ್ನು ನೋಡಿ ಎಂದು ಹೇಳಿ. ಘೋಡಗೇರಿಯಲ್ಲಿ ಶುರುಮಾಡುವುದಾದರೆ ಮೊದಲು ನಮ್ಮ ಮನೆಗೇ ಬನ್ನಿ, ತಂಗಿ ಉತ್ತರ ಕೊಡಲು ತಯಾರಿದ್ದಾಳೆ.

ನಿಮ್ಮ ವಿಶ್ವಾಸಿ,
ಘೋಡಗೇರಿಯ ಒಬ್ಬ ಅಣ್ಣ